ಹೈಕೋರ್ಟ್ ಆದೇಶ ಆದರೂ ಕಚೇರಿಯವರು ಸುಮ್ಮನಿದ್ದಾರೆ. ನ್ಯಾಯಾಂಗ ನಿಂದನೆ ಕೇಸ್ ಹಾಕಬಹುದಾ?

ನಿಮ್ಮ ತಂದೆಯವರ ನಿವೃತ್ತಿ ಬಾಕಿ ಬಗ್ಗೆ "ಮನವಿಯನ್ನು ಮೂರು ತಿಂಗಳಲ್ಲಿ ಪರಿಗಣಿಸಿ" ಅಂತ ಧಾರವಾಡ ಹೈಕೋರ್ಟ್ ಪೀಠ ಹೇಳಿದೆ, ಆರು ತಿಂಗಳಾದರೂ ಹಾವೇರಿಯ ಕಚೇರಿಯಿಂದ ಉತ್ತರ ಇಲ್ಲ ಅಂತ ಬರೆದಿದ್ದೀರಿ. ಹಾಕಬಹುದು. ಆದರೆ ಅದಕ್ಕೂ ಮೊದಲು ಆದೇಶದ ಕೊನೆಯ ಪ್ಯಾರಾ ಇನ್ನೊಮ್ಮೆ ಓದಿ.

ನಾನು ಧಾರವಾಡದಲ್ಲಿ ವಕೀಲರೊಬ್ಬರ ಹತ್ತಿರ ಗುಮಾಸ್ತ. ಇಂಥ ಫೈಲುಗಳು ದಿನಾ ಕೈಗೆ ಬರುತ್ತವೆ. ಜಾಸ್ತಿ ಆದೇಶಗಳಲ್ಲಿ "ಆದೇಶದ ಪ್ರತಿ ತಲುಪಿದ ದಿನದಿಂದ" ಅಂತ ಇರುತ್ತದೆ. ಹಾಗಿದ್ದರೆ ಗಡುವು ಶುರುವಾಗುವುದು ತೀರ್ಪಿನ ದಿನ ಅಲ್ಲ, ಸರ್ಟಿಫೈಡ್ ಕಾಪಿ ಕಚೇರಿ ಸೇರಿದ ದಿನ. ಅದನ್ನು ಟಪಾಲು ಟೇಬಲ್ಲಿಗೆ ಕೊಟ್ಟು, ನಿಮ್ಮ ಹತ್ತಿರ ಉಳಿಯುವ ಜೆರಾಕ್ಸ್ ಮೇಲೆ ಸೀಲು, ತಾರೀಖು, ಸಹಿ ಹಾಕಿಸಿಕೊಂಡಿದ್ದೀರಾ? ಇಲ್ಲ ಅಂದರೆ ನಾಳೆಯೇ ಆ ಕೆಲಸ ಮಾಡಿ. ಬೇಕಂತಲೇ ಆದೇಶ ಮೀರಿದರೆ ಮಾತ್ರ ಅದು ಸಿವಿಲ್ ನಿಂದನೆ. "ನಮಗೆ ಆದೇಶ ತಲುಪೇ ಇಲ್ಲ" ಅನ್ನುವ ಸಾಹೇಬರ ಮುಂದೆ ಆ ಸೀಲೇ ನಿಮ್ಮ ಸಾಕ್ಷಿ. ಕೇಸು ನಡೆಯುವುದು ಕುರ್ಚಿಯ ಮೇಲಲ್ಲ, ಆ ಕುರ್ಚಿಯಲ್ಲಿರುವ ಅಧಿಕಾರಿಯ ಹೆಸರಿನ ಮೇಲೆ. ನಡುವೆ ವರ್ಗಾವಣೆ ಆಗಿದ್ದರೆ ಹೊಸಬರಿಗೂ ಒಂದು ಕಾಪಿ ಮುಟ್ಟಿಸಿ.

ತಡ ಮಾತ್ರ ಮಾಡಬೇಡಿ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಪ್ರಕಾರ ನಿಂದನೆ ಆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ನಿಮ್ಮ ವಿಷಯದಲ್ಲಿ ಅದು ಗಡುವು ಮುಗಿದ ದಿನದಿಂದ. "ಮುಂದಿನ ವಾರ ಬನ್ನಿ" ಅನ್ನುವ ಮಾತು ನಂಬಿ ಆ ವರ್ಷ ಕಳೆದುಕೊಂಡ ಹಿರಿಯರನ್ನು ಕಂಡಿದ್ದೇನೆ. ಹೊಟ್ಟೆ ಉರಿಯುತ್ತದೆ.

ಶಿಕ್ಷೆ ಆರು ತಿಂಗಳವರೆಗೆ ಸಾದಾ ಜೈಲು, 2000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಆದರೆ ಜೈಲಿನವರೆಗೆ ಹೋಗುವುದು ಅಪರೂಪ. ಕೋರ್ಟ್ ನೋಟಿಸ್ ಮುಟ್ಟಿದ ಮೇಲೆ ಫೈಲು ಓಡುತ್ತದೆ, ಅಧಿಕಾರಿ ಕ್ಷಮೆ ಕೇಳಿ ಆದೇಶ ಪಾಲಿಸಿದ್ದೇವೆ ಅಂತ ಅಫಿಡವಿಟ್ ಹಾಕುತ್ತಾರೆ.

ಇನ್ನೊಂದು ಮುಖ್ಯ ಮಾತು. "ಪರಿಗಣಿಸಿ" ಅಂದರೆ "ಹಣ ಕೊಡಿ" ಅಂತ ಅಲ್ಲ. ಅವರು ಮನವಿ ತಿರಸ್ಕರಿಸಿ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಕೊಟ್ಟರೂ ಸಾಮಾನ್ಯವಾಗಿ ಆದೇಶ ಪಾಲಿಸಿದ ಹಾಗೇ. ನಿಂದನೆ ಕೇಸಿನಲ್ಲಿ ಕೋರ್ಟ್ ಮೂಲ ಆದೇಶ ದಾಟಿ ಹೊಸದೇನನ್ನೂ ಕೊಡುವುದಿಲ್ಲ. ಆಗ ಆ ಹಿಂಬರಹವನ್ನೇ ಪ್ರಶ್ನಿಸಿ ಹೈಕೋರ್ಟಿನಲ್ಲಿ ಬೇರೆ ರಿಟ್ ಅರ್ಜಿ ಹಾಕಬೇಕು. ಇದಕ್ಕೆ ತಂದೆಯವರನ್ನು ಈಗಲೇ ತಯಾರು ಮಾಡಿ. ನೋಟಿಸ್ ಹೋದ ಕೂಡಲೇ ದುಡ್ಡು ಬರುತ್ತದೆ ಅಂತ ಅವರು ಕಾಯುತ್ತಿರಬಹುದು ಅಲ್ವಾ?

ಪೀಠ ಧಾರವಾಡದಲ್ಲೇ ಇರುವುದರಿಂದ ಬೆಂಗಳೂರಿಗೆ ಅಲೆಯುವ ಕಾಲ 2008ಕ್ಕೇ ಮುಗಿದಿದೆ. ರಿಟ್ ನಡೆಸಿದ ವಕೀಲರಿಗೇ ಸೀಲು ಇರುವ ಪ್ರತಿ ಕೊಡಿ. ಮೊದಲು ಅವರಿಂದ ಅಧಿಕಾರಿಗೆ ಒಂದು ಲೀಗಲ್ ನೋಟಿಸ್ ಹೋಗಲಿ, ಹದಿನೈದು ದಿನ ಟೈಮ್ ಕೊಟ್ಟು. ಅಷ್ಟಕ್ಕೇ ಕೆಲಸ ಆಗುವುದೂ ಉಂಟು.