ಸೊಪ್ಪು ಕಡಿದ ಎರಡು ದಿನಕ್ಕೆ ಕೈತುಂಬ ನೀರುಗುಳ್ಳೆ, ಈಗ ಮುಖಕ್ಕೂ ಬಂದಿದೆ. ತುರಚೆ ಸೊಪ್ಪು ತಾಗಿದ್ದಾ?

ತುರಚೆ ಅಲ್ಲ ಅನಿಸುತ್ತದೆ. ತುರಚೆಯಾಗಲಿ ನಸುಗುನ್ನಿಯಾಗಲಿ, ಸುಂಕು (ಮುಳ್ಳಿನಂಥ ಸಣ್ಣ ಕೂದಲು) ಚುಚ್ಚಿದ ನಿಮಿಷದಲ್ಲೇ ಉರಿ ಏಳುತ್ತದೆ. ಎರಡು ದಿನ ಬಿಟ್ಟು, ಗೀರೆಳೆದ ಹಾಗೆ ಸಾಲಾಗಿ ಗುಳ್ಳೆ ಬಂದಿದೆ ಅಂದರೆ ನನ್ನ ಅನುಮಾನ ಸೊನೆಯ ಮೇಲೆ. ಮಲೆನಾಡಿನ ಬೆಟ್ಟವಾದರೆ ಹೊಲಗೇರು ಮರ, ಇಲ್ಲವೇ ಅಗಸರು ಬಟ್ಟೆಗೆ ಗುರುತು ಹಾಕುತ್ತಿದ್ದ ಕರಿಗೇರು. ಕತ್ತಿಯ ಮೇಲೆ ಸೊನೆ ಒಣಗಿ ಕಪ್ಪಾಗಿದೆಯಾ ನೋಡಿ.

ಇದು ಸುಟ್ಟ ಗಾಯಕ್ಕಿಂತ ಹೆಚ್ಚಾಗಿ ಅಲರ್ಜಿ. ಹಿಂದೆ ತಾಗಿದ್ದವರಿಗೆ ಒಂದೆರಡು ದಿನದಲ್ಲಿ ಏಳುತ್ತದೆ, ಮೊದಲ ಸಲವಾದರೆ ವಾರ ದಾಟಬಹುದು. ಗುಳ್ಳೆಯ ನೀರಿನಿಂದ ಹಬ್ಬುವುದಿಲ್ಲ, ಮನೆಯವರಿಗೂ ಅಂಟುವುದಿಲ್ಲ. ಸೊನೆ ಹೆಚ್ಚು ತಾಗಿದ ಕಡೆ ಬೇಗ, ಕಡಿಮೆ ತಾಗಿದ ಕಡೆ ತಡವಾಗಿ ಏಳುವುದರಿಂದ ಹಬ್ಬಿದಂತೆ ಕಾಣುತ್ತದೆ ಅಷ್ಟೇ. ಆದರೆ ಉಗುರುಸಂದಿ, ಕತ್ತಿಹಿಡಿ, ತೊಳೆಯದ ಅಂಗಿಯಲ್ಲಿ ಸೊನೆ ಉಳಿದಿದ್ದರೆ ನಿಜವಾಗಿಯೂ ಹೊಸ ಜಾಗಕ್ಕೆ ತಾಗುತ್ತದೆ. ಇವತ್ತೇ ಗ್ಲೌಸ್ ಹಾಕಿ ಅವನ್ನೆಲ್ಲ ಸೋಪಿನಲ್ಲಿ ಉಜ್ಜಿ ತೊಳೆಯಿರಿ.

ಮುಂದಿನ ಸಲ ಸೊನೆ ತಾಗಿದ 10 ನಿಮಿಷದೊಳಗೆ ಪಾತ್ರೆ ತೊಳೆಯುವ ಲಿಕ್ವಿಡ್ ಹಾಕಿ, ತಣ್ಣೀರಲ್ಲಿ ಬಟ್ಟೆಯಿಂದ ಉಜ್ಜಿ ಮೂರು ಸಲ ತೊಳೆಯಿರಿ. ಸುಮ್ಮನೆ ನೀರು ಹೊಯ್ದರೆ ಎಣ್ಣೆಯಂಥ ಸೊನೆ ಹೋಗದು. ತೊಳೆಯುವ ಮೊದಲೇ ಕೊಬ್ಬರಿ ಎಣ್ಣೆ ಸವರಿದರಂತೂ ಇನ್ನಷ್ಟು ಜಾಗಕ್ಕೆ ಬಳಿದಂತೆ. (ನಸುಗುನ್ನಿಗೆ ಕ್ರಮವೇ ಬೇರೆ: ಉಜ್ಜಬಾರದು. ಸೆಲ್ಲೋಟೇಪ್ ಅಂಟಿಸಿ ಎಳೆದು ಸುಂಕು ತೆಗೆದ ಮೇಲೆ ತೊಳೆಯಬೇಕು.)

ಈಗ ತಣ್ಣೀರಲ್ಲಿ ಅದ್ದಿದ ಬಟ್ಟೆಯನ್ನು 15-20 ನಿಮಿಷ, ದಿನಕ್ಕೆ ಮೂರ್ನಾಲ್ಕು ಸಲ ಇಡಿ. ಆಮೇಲೆ ಕ್ಯಾಲಮೈನ್ ಲೋಷನ್ ಹಚ್ಚಿ. ಗುಳ್ಳೆ ಒಡೆಯಬೇಡಿ. ಬಿಸಿನೀರು ಗಳಿಗೆ ಹೊತ್ತು ಹಿತವೆನಿಸಿ ಆಮೇಲೆ ತುರಿಕೆ ಕೆರಳಿಸುತ್ತದೆ. ಅಲರ್ಜಿ ಮಾತ್ರೆ ಸೆಟ್ರಿಜಿನ್ ಈ ತುರಿಕೆಗೆ ಅಷ್ಟಾಗಿ ಕೇಳುವುದಿಲ್ಲ. ಮೆಡಿಕಲ್‌ನವರು ಕೊಡುವ ಸ್ಟೀರಾಯ್ಡ್-ಆಂಟಿಬಯಾಟಿಕ್ ಸೇರಿಸಿದ ಕ್ರೀಮನ್ನು ಮುಖಕ್ಕೆ ಹಚ್ಚಲೇಬೇಡಿ.

ಮುಖಕ್ಕೆ ಬಂದಿದೆ ಅಂದಿರಿ, ಹಾಗಾಗಿ ಚರ್ಮದ ಡಾಕ್ಟರನ್ನು ಕಾಣಿ. ರೆಪ್ಪೆ ಊದಿದರೆ, ಕೀವು ಅಥವಾ ಜ್ವರ ಬಂದರೆ ಅದೇ ದಿನ ಹೋಗಿ. ಆ ಗೇರು ಮರಗಳ ಸೌದೆ ಸುಟ್ಟ ಹೊಗೆ ಕುಡಿದು ಉಸಿರು ಕಟ್ಟಿದರೆ ಒಂದು ಗಳಿಗೆಯೂ ಕಾಯಬೇಡಿ. ಡಾಕ್ಟರು ಪ್ರೆಡ್ನಿಸೊಲೋನ್ ಎಂಬ ಸ್ಟೀರಾಯ್ಡ್ ಮಾತ್ರೆ ಬರೆದರೆ ಸಾಮಾನ್ಯವಾಗಿ ಎರಡು ಮೂರು ವಾರ, ಡೋಸ್ ಇಳಿಸುತ್ತಾ ಕೊಡುತ್ತಾರೆ. ಐದು ದಿನಕ್ಕೆ ವಾಸಿಯಾಯಿತೆಂದು ನೀವೇ ನಿಲ್ಲಿಸಿದರೆ ಗುಳ್ಳೆ ಮತ್ತೆ ಏಳಬಹುದು.