ನೈಸಿಯಾದಲ್ಲಿ ಮತಕ್ಕೆ ಹಾಕಿದ್ದು ಏನನ್ನು?

(ನೈಸಿಯಾ ಮಹಾಸಭೆಗೆ 1700 ವರ್ಷ ತುಂಬಿದ ಸಂದರ್ಭದಲ್ಲಿ ನಾವು ಪ್ರಕಟಿಸಿದ ಲೇಖನವನ್ನು ಓದಿ ಶಿವಮೊಗ್ಗದ ಓದುಗರೊಬ್ಬರು ದೀರ್ಘವಾದ ಪತ್ರ ಬರೆದಿದ್ದಾರೆ. ಯೇಸು ದೇವರೆಂಬುದು ಕ್ರಿ.ಶ. 325ರಲ್ಲಿ ಚಕ್ರವರ್ತಿ ಕಾನ್‌ಸ್ಟಂಟೈನ್ ಕರೆದ ಸಭೆಯಲ್ಲಿ 318 ಬಿಷಪ್ಪರ ಬಹುಮತದಿಂದ ತೀರ್ಮಾನವಾಯಿತು, ಬೈಬಲಿನಲ್ಲಿ ಯಾವ ಪುಸ್ತಕಗಳಿರಬೇಕೆಂಬುದನ್ನೂ ಅಲ್ಲಿಯೇ ಆರಿಸಲಾಯಿತು, ಲೇಖನವು ಇದನ್ನೆಲ್ಲ ಮರೆಮಾಚಿ ‘ದೃಢಪಡಿಸಿತು’ ಎಂಬ ಮೆತ್ತನೆಯ ಮಾತನ್ನು ಬಳಸಿದೆ ಎಂಬುದು ಅವರ ಆಕ್ಷೇಪ. ‘ಕೈ ಎತ್ತಿ ಒಪ್ಪಿಕೊಂಡ ಸಿದ್ಧಾಂತಕ್ಕೆ ಏನು ಬೆಲೆ?’ ಎಂದು ಅವರು ಕೇಳಿದ್ದಾರೆ. ಪತ್ರಕ್ಕೆ ನಮ್ಮ ಉತ್ತರ ಇಲ್ಲಿದೆ.)

ಮಾನ್ಯರೇ,

ನಿಮ್ಮ ಎರಡನೆಯ ಆಕ್ಷೇಪಕ್ಕೆ ಉತ್ತರ ಚಿಕ್ಕದಾದ್ದರಿಂದ ಅದನ್ನು ಮೊದಲು ಹೇಳಿಬಿಡುತ್ತೇವೆ. ನೈಸಿಯಾದಿಂದ ನಮಗೆ ಉಳಿದು ಬಂದಿರುವುದು ಒಂದು ವಿಶ್ವಾಸ ಪ್ರಮಾಣ, ಇಪ್ಪತ್ತು ನಿಯಮಗಳು ಮತ್ತು ಕೆಲವು ಪತ್ರಗಳು. ಇವುಗಳಲ್ಲಿ ಎಲ್ಲಿಯೂ ಬೈಬಲ್ ಪುಸ್ತಕಗಳ ಪಟ್ಟಿಯಿಲ್ಲ. ನಾಲ್ಕು ಸುವಾರ್ತೆಗಳೂ ಪೌಲನ ಪತ್ರಗಳೂ ಅದಕ್ಕೆ ಬಹಳ ಹಿಂದೆಯೇ ಚರ್ಚುಗಳಲ್ಲಿ ಓದಲ್ಪಡುತ್ತಿದ್ದವು. ಇಂದಿನ ಹೊಸ ಒಡಂಬಡಿಕೆಯ 27 ಪುಸ್ತಕಗಳನ್ನೇ, ಹೆಚ್ಚೂ ಕಡಿಮೆಯೂ ಇಲ್ಲದೆ ಹೆಸರಿಸಿದ ಪಟ್ಟಿ ಅಲೆಕ್ಸಾಂಡ್ರಿಯಾದ ಬಿಷಪ್ ಅಥನೇಷಿಯಸ್ 367ರಲ್ಲಿ ಬರೆದ ಪಾಸ್ಖ ಹಬ್ಬದ ಪತ್ರದಲ್ಲಿ ಸಿಗುತ್ತದೆ. ಅಂದರೆ ನೈಸಿಯಾ ಮುಗಿದು 42 ವರ್ಷಗಳಾದ ಮೇಲೆ.

ಮೊದಲನೆಯ ಆಕ್ಷೇಪ ಹೀಗೆ ಒಂದೆರಡು ಮಾತಿನಲ್ಲಿ ಮುಗಿಯುವಂಥದ್ದಲ್ಲ. ನೈಸಿಯಾ ಇದ್ದದ್ದು ಬಿಥಿನಿಯಾ ಪ್ರಾಂತ್ಯದಲ್ಲಿ. ಈಗ ಅದು ತುರ್ಕಿಯ ಇಜ್ನಿಕ್ ಪಟ್ಟಣ. ಮಹಾಸಭೆಗೆ ಸುಮಾರು ಇನ್ನೂರು ವರ್ಷ ಮೊದಲು ಅದೇ ಪ್ರಾಂತ್ಯದ ಆಡಳಿತ ನಡೆಸುತ್ತಿದ್ದ ಪ್ಲಿನಿ ಎಂಬ ರೋಮನ್ ಅಧಿಕಾರಿ, ಹಿಡಿದು ತಂದ ಕ್ರೈಸ್ತರನ್ನು ವಿಚಾರಿಸಿ ಚಕ್ರವರ್ತಿ ಟ್ರೇಜನ್‌ಗೆ ವರದಿ ಬರೆದ. ಇವರು ಗೊತ್ತಾದ ದಿನ ಬೆಳಗು ಹರಿಯುವ ಮುನ್ನ ಸೇರುತ್ತಾರೆ, ಕ್ರಿಸ್ತನನ್ನು ದೇವರೆಂಬಂತೆ ಸ್ತುತಿಸಿ ಹಾಡುತ್ತಾರೆ ಎಂದು ಅದರಲ್ಲಿದೆ. ಬರೆದವನು ಕ್ರೈಸ್ತನಲ್ಲ, ಅವರನ್ನು ಶಿಕ್ಷಿಸುತ್ತಿದ್ದವನು. ಆದ್ದರಿಂದ ಕ್ರಿಸ್ತನ ಆರಾಧನೆ ಚಕ್ರವರ್ತಿಯೊಬ್ಬನ ಕೃಪೆಯಿಂದ 325ರಲ್ಲಿ ಹುಟ್ಟಿತೆನ್ನಲು ದಾರಿಯಿಲ್ಲ.

ಹಾಗಾದರೆ ಜಗಳ ಯಾವುದರ ಬಗ್ಗೆ? ಅಲೆಕ್ಸಾಂಡ್ರಿಯಾದ ಪಾದ್ರಿ ಏರಿಯಸ್ ಕೂಡ ಕ್ರಿಸ್ತನನ್ನು ಆರಾಧಿಸುತ್ತಿದ್ದವನೇ, ಅವನನ್ನು ದೇವರೆಂದು ಕರೆಯಲು ಹಿಂಜರಿಯದವನೇ. ಆದರೆ ಹುಟ್ಟಿಲ್ಲದವನು, ಆದಿಯಿಲ್ಲದವನು ತಂದೆಯೊಬ್ಬನೇ. ಮಗನು ಎಲ್ಲ ಸೃಷ್ಟಿಗಿಂತ ಮೊದಲಿನವನಾದರೂ ಸೃಷ್ಟಿಗೆ ಸೇರಿದವನು, ‘ಅವನು ಇಲ್ಲದಿದ್ದ ಒಂದು ಸಮಯ ಇತ್ತು’ ಎಂಬುದು ಅವನ ವಾದ. ಅವನನ್ನು ದುಷ್ಟನೆಂದು ಚಿತ್ರಿಸುವ ರೂಢಿ ನಮಗೆ ಒಪ್ಪಿಗೆಯಾಗದು. ‘ತಂದೆಯು ನನಗಿಂತ ದೊಡ್ಡವನು’ ಎಂಬ ಯೇಸುವಿನ ಮಾತು ಯೋಹಾನನ ಸುವಾರ್ತೆಯಲ್ಲೇ ಇದೆ; ದೇವರು ಒಬ್ಬನೇ ಎಂಬ ನಂಬಿಕೆಯನ್ನು ಕಾಪಾಡುವ ಕಳಕಳಿ ಏರಿಯಸ್‌ನಲ್ಲಿ ನಿಜವಾಗಿಯೂ ಇತ್ತು. ಆದರೆ ಅವನು ಹೇಳಿದ್ದೇ ಸರಿಯಾದರೆ ಕ್ರೈಸ್ತರು ಇನ್ನೂರು ವರ್ಷಗಳಿಂದ ಒಂದು ಸೃಷ್ಟಿಯ ಮುಂದೆ ಮೊಣಕಾಲೂರುತ್ತಿದ್ದರೆಂದಾಗುತ್ತಿತ್ತು. ಸಭೆ ಎದುರಿಸಬೇಕಾಗಿ ಬಂದದ್ದು ಈ ಇಕ್ಕಟ್ಟನ್ನು.

ಆ ಸಭೆಯ ಒಳಗಿನ ಒಂದು ದೃಶ್ಯವನ್ನು ಅಥನೇಷಿಯಸ್ ಮುಂದೆ ಬರೆದಿಟ್ಟಿದ್ದಾನೆ. ಆಗ ಅವನು ತನ್ನ ಬಿಷಪ್ಪನ ಜೊತೆ ಬಂದಿದ್ದ ಡೀಕನ್, ಅಂದರೆ ಪಾದ್ರಿಗಿಂತ ಕೆಳಗಿನ ದರ್ಜೆಯ ಸಹಾಯಕ. ಒಂದು ಪಕ್ಷದವನು ಎಂಬುದನ್ನೂ ಮರೆಯದೆ ಅವನ ಮಾತನ್ನು ಓದಬೇಕು. ಬಿಷಪ್ಪರು ಮೊದಲು ಬೈಬಲಿನ ಪದಗಳಲ್ಲೇ ವಿಷಯವನ್ನು ಹೇಳಿ ಮುಗಿಸಲು ನೋಡಿದರು. ಮಗನು ‘ದೇವರಿಂದ ಬಂದವನು’ ಎಂದರೆ ಏರಿಯಸ್‌ನ ಕಡೆಯವರು ತಕರಾರಿಲ್ಲದೆ ಒಪ್ಪಿದರು. ಸಮಸ್ತವೂ ದೇವರಿಂದಲೇ ಬಂದದ್ದೆಂದು ಪೌಲನೂ ಬರೆದಿದ್ದಾನಲ್ಲ! ಒಂದೊಂದು ಪದ ಮುಂದಿಟ್ಟಾಗಲೂ ಅವರು ಪಿಸುಗುಟ್ಟುತ್ತ, ಒಬ್ಬರಿಗೊಬ್ಬರು ಕಣ್ಸನ್ನೆ ಮಾಡಿಕೊಳ್ಳುತ್ತಿದ್ದರಂತೆ. ಎರಡು ಅರ್ಥಕ್ಕೆ ಎಡೆಗೊಡದ ಪದವೊಂದು ಬೇಕಾಯಿತು. ಬೈಬಲಿನಲ್ಲಿಲ್ಲದ ‘ಹೊಮೊಊಸಿಯೊಸ್’ ಎಂಬ ಗ್ರೀಕ್ ಪದ ವಿಶ್ವಾಸ ಪ್ರಮಾಣಕ್ಕೆ ಬಂದದ್ದು ಹೀಗೆ: ಮಗನು ತಂದೆಯೊಂದಿಗೆ ಒಂದೇ ಸತ್ತ್ವದವನು. ಬೈಬಲಿನಲ್ಲಿಲ್ಲವೆಂಬ ಕಾರಣಕ್ಕೇ ಅನೇಕ ಸಾತ್ವಿಕ ಬಿಷಪ್ಪರಿಗೂ ಆ ಪದ ಗಂಟಲಲ್ಲಿ ಇಳಿಯಲಿಲ್ಲ. ಆದರೂ ಕಡೆಯವರೆಗೂ ಸಹಿ ಹಾಕದೆ ಉಳಿದವರು ಲಿಬಿಯಾದ ಇಬ್ಬರು ಮಾತ್ರ. ಕೂದಲೆಳೆಯ ಬಹುಮತದ ಕಥೆಗೆ ಇಲ್ಲಿ ಆಧಾರವಿಲ್ಲ.

ಅಷ್ಟು ಸಹಿಗಳ ಹಿಂದೆ ರಾಜಭಯ ಇರಲಿಲ್ಲವೇ ಎಂದು ನೀವು ಕೇಳಬಹುದು. ಇತ್ತು. ಬಿಷಪ್ಪರು ಬಂದದ್ದು ಸರ್ಕಾರಿ ವಾಹನಗಳಲ್ಲಿ, ಸಹಿ ಹಾಕದವರು ಹೋದದ್ದು ಗಡಿಪಾರಿಗೆ. ಆದರೆ ರಾಜಭಯವೇ ಸಿದ್ಧಾಂತವನ್ನು ನಿರ್ಮಿಸಿತೆಂಬುದನ್ನು ಮುಂದಿನ ಅರ್ಧ ಶತಮಾನ ಸುಳ್ಳು ಮಾಡುತ್ತದೆ. ಕಾನ್‌ಸ್ಟಂಟೈನ್‌ಗೆ ಬೇಕಾಗಿದ್ದದ್ದು ಸಾಮ್ರಾಜ್ಯದ ಒಗ್ಗಟ್ಟು. ಕೆಲವೇ ವರ್ಷಗಳಲ್ಲಿ ಅವನು ಏರಿಯಸ್‌ನನ್ನು ಗಡಿಪಾರಿನಿಂದ ಹಿಂದಕ್ಕೆ ಕರೆಸಿದ; 337ರಲ್ಲಿ ಮರಣಶಯ್ಯೆಯಲ್ಲಿ ದೀಕ್ಷಾಸ್ನಾನ ಪಡೆದದ್ದು ಏರಿಯಸ್‌ನ ಬೆಂಬಲಿಗನಾಗಿದ್ದ ನಿಕೊಮೀಡಿಯಾದ ಯುಸೀಬಿಯಸ್‌ನ ಕೈಯಿಂದ. ನೈಸಿಯಾವನ್ನು ಎತ್ತಿಹಿಡಿದ ಅಥನೇಷಿಯಸ್ ಐದು ಬಾರಿ ಗಡಿಪಾರಾದ. 359ರಲ್ಲಿ ಕಾನ್‌ಸ್ಟಂಟೈನ್‌ನ ಮಗ ಕಾನ್‌ಸ್ಟಾಂಷಿಯಸ್ ಇಟಲಿಯ ಅರಿಮಿನಮ್‌ನಲ್ಲಿ ನಾನೂರಕ್ಕೂ ಹೆಚ್ಚು ಬಿಷಪ್ಪರನ್ನು ಸೇರಿಸಿದ. ಅವರಲ್ಲಿ ಹೆಚ್ಚಿನವರು ಮೊದಲು ನೈಸಿಯಾದ ಮಾತಿಗೇ ಅಂಟಿಕೊಂಡರು. ‘ಸತ್ತ್ವ’ ಎಂಬ ಪದವನ್ನೇ ಕೈಬಿಟ್ಟ ಹೊಸ ಸೂತ್ರಕ್ಕೆ ಸಹಿ ಹಾಕುವವರೆಗೂ ಅವರನ್ನು ಊರಿಗೆ ಬಿಡಲಿಲ್ಲ. ಸಹಿಗಳು ಬಿದ್ದವು. ಇಡೀ ಲೋಕ ನಿಟ್ಟುಸಿರುಬಿಟ್ಟು, ತಾನು ಏರಿಯಸ್‌ನ ಪಕ್ಷಕ್ಕೆ ಸೇರಿಬಿಟ್ಟದ್ದನ್ನು ಕಂಡು ಬೆರಗಾಯಿತು ಎಂದು ಬೈಬಲ್ ವಿದ್ವಾಂಸ ಜೆರೋಮ್ ಮುಂದೆ ಬರೆದ.

ನಿಮ್ಮ ಪ್ರಶ್ನೆಗೆ ನಮ್ಮ ಉತ್ತರ ಇರುವುದು ಈ ಅರಿಮಿನಮ್‌ನಲ್ಲಿಯೇ. ನೈಸಿಯಾಕ್ಕಿಂತ ದೊಡ್ಡ ಸಭೆ, ಅದಕ್ಕಿಂತ ಹೆಚ್ಚು ಸಹಿ, ಹಿಂದೆ ನಿಂತಿದ್ದ ಚಕ್ರವರ್ತಿ, ಎಲ್ಲವೂ ಇದ್ದವು. ಆದರೂ ಇಂದು ಯಾವ ಚರ್ಚಿನಲ್ಲೂ ಅರಿಮಿನಮ್‌ನ ಸೂತ್ರವನ್ನು ಯಾರೂ ಪಠಿಸುವುದಿಲ್ಲ. ಸಭೆಯ ಮಾತು ಸಿದ್ಧಾಂತವಾಗಿ ನಿಲ್ಲಬೇಕಾದರೆ ಅದು ಊರೂರಿನ ಆರಾಧನೆಯಲ್ಲಿ, ದೀಕ್ಷಾಸ್ನಾನದ ನೀರಿನ ಬಳಿ ಹೇಳುವ ಮಾತಿನಲ್ಲಿ ನೆಲೆಯಾಗಬೇಕಿತ್ತು. ಸಹಿ ಹಾಕಿದ ದಿನ ನೈಸಿಯಾ ಗೆದ್ದಿರಲಿಲ್ಲ. ಅದು ಗೆಲ್ಲಲು 381ರವರೆಗೆ, ಅಂದರೆ 56 ವರ್ಷ ಬೇಕಾಯಿತು.

ಆ ವರ್ಷಗಳ ವಾದವನ್ನು ಕೇವಲ ಪದಗಳ ಜಗ್ಗಾಟವೆಂದು ಹಲವರು ತಳ್ಳಿಹಾಕುತ್ತಾರೆ. ‘ಹೊಮೊಊಸಿಯೊಸ್’ ಎಂದರೆ ಒಂದೇ ಸತ್ತ್ವ, ‘ಹೊಮೊಯ್ಊಸಿಯೊಸ್’ ಎಂದರೆ ಹೋಲುವ ಸತ್ತ್ವ. ನಡುವಿನ ವ್ಯತ್ಯಾಸ ಗ್ರೀಕಿನ ಒಂದೇ ಅಕ್ಷರ. ಛಾಂದೋಗ್ಯದ ‘ತತ್ತ್ವಮಸಿ’ಯನ್ನು ಮಧ್ವಾಚಾರ್ಯರು ‘ಅತತ್ತ್ವಮಸಿ’ ಎಂದು ಬಿಡಿಸಿ ಓದಿದ್ದನ್ನು ಬಲ್ಲ ಕನ್ನಡಿಗರಿಗಾದರೂ ಒಂದು ಅಕ್ಷರದ ಮೇಲೆ ಎಷ್ಟು ಭಾರ ನಿಲ್ಲಬಲ್ಲದೆಂಬುದನ್ನು ವಿವರಿಸಬೇಕಾಗಿಲ್ಲ. ರಾಜಧಾನಿ ಕಾನ್‌ಸ್ಟಾಂಟಿನೋಪಲ್‌ನ ಬೀದಿಯಲ್ಲೂ ಆ ಭಾರ ಜನರಿಗೆ ತಿಳಿದಿತ್ತು. ಚಿಲ್ಲರೆ ಕೇಳಿದರೆ ಹುಟ್ಟಿದವನು, ಹುಟ್ಟದವನು ಎಂಬ ತತ್ತ್ವ ಹೇಳುತ್ತಾರೆ, ರೊಟ್ಟಿಯ ಬೆಲೆ ಕೇಳಿದರೆ ತಂದೆ ದೊಡ್ಡವನು ಮಗ ಚಿಕ್ಕವನು ಎನ್ನುತ್ತಾರೆ, ಸ್ನಾನಕ್ಕೆ ನೀರು ಸಿದ್ಧವೇ ಎಂದರೆ ಮಗನು ಶೂನ್ಯದಿಂದ ಉಂಟಾದನೆಂಬ ಉತ್ತರ ಬರುತ್ತದೆ ಎಂದು ಆ ಕಾಲದ ಬಿಷಪ್ ನಿಸ್ಸಾದ ಗ್ರೆಗೊರಿ ಬೇಸರದಿಂದ ದೂರಿದ್ದಾನೆ. ಅದು ಬೇಸರದ ಮಾತೇ ಆದರೂ, ಸಿದ್ಧಾಂತ ಬಿಷಪ್ಪರ ಕೋಣೆಯಲ್ಲಿ ಮಾತ್ರ ಬೇಯುತ್ತಿರಲಿಲ್ಲವೆಂಬುದಕ್ಕೆ ಅದಕ್ಕಿಂತ ಒಳ್ಳೆಯ ಸಾಕ್ಷಿ ನಮಗೆ ಕಾಣದು.

ಆ ನಗರದಲ್ಲೇ 381ರಲ್ಲಿ ಸೇರಿದ ಎರಡನೆಯ ಮಹಾಸಭೆ ನೈಸಿಯಾದ ಮಾತನ್ನು ಎತ್ತಿಹಿಡಿದು, ಪವಿತ್ರಾತ್ಮನ ವಿಷಯವನ್ನೂ ಇತ್ಯರ್ಥ ಮಾಡಿತು. ಅಲ್ಲಿ ಪವಿತ್ರಾತ್ಮನಿಗೆ ‘ಒಂದೇ ಸತ್ತ್ವ’ ಎಂಬ ಪದವನ್ನು ಬಳಸಲಿಲ್ಲ. ‘ತಂದೆಯೊಂದಿಗೂ ಮಗನೊಂದಿಗೂ ಕೂಡಿ ಆರಾಧನೆಯನ್ನೂ ಮಹಿಮೆಯನ್ನೂ ಹೊಂದುವವನು’ ಎಂದಷ್ಟೇ ಬರೆಯಿತು. ಜನರು ಆಗಲೇ ಮಾಡುತ್ತಿದ್ದ ಆರಾಧನೆಯನ್ನೇ ಸಿದ್ಧಾಂತದ ವಾಕ್ಯವನ್ನಾಗಿಸಿದ ಈ ನಡೆಯನ್ನು ನಾವು ಇಡೀ ಚರಿತ್ರೆಯ ಅತ್ಯಂತ ಜಾಣ್ಮೆಯ ಬರವಣಿಗೆಯೆಂದು ಎಣಿಸುತ್ತೇವೆ. ಇಂದು ಚರ್ಚುಗಳಲ್ಲಿ ನೈಸಿಯಾದ ಹೆಸರಿನಲ್ಲಿ ಪಠಿಸುವುದು ಈ 381ರ ಪಾಠವನ್ನು.

431ರ ಎಫೆಸಸ್ ಸಭೆಯ ಬಗ್ಗೆ ಹೆಮ್ಮೆಪಡುವಂಥದ್ದು ಕಡಿಮೆ. ಮರಿಯಳನ್ನು ‘ದೇವಮಾತೆ’ ಎನ್ನಬಹುದೇ ಎಂಬ ವಿವಾದದಲ್ಲಿ ಅಲೆಕ್ಸಾಂಡ್ರಿಯಾದ ಸಿರಿಲ್, ಎದುರು ಪಕ್ಷದ ಅಂತಿಯೋಕ್ಯದ ಬಿಷಪ್ಪರು ಬಂದು ತಲುಪುವ ಮೊದಲೇ ಸಭೆ ತೆರೆದು, ಆ ಹೆಸರನ್ನು ಆಕ್ಷೇಪಿಸಿದ್ದ ಕಾನ್‌ಸ್ಟಾಂಟಿನೋಪಲ್‌ನ ಬಿಷಪ್ ನೆಸ್ಟೋರಿಯಸ್‌ನನ್ನು ಪದಚ್ಯುತಗೊಳಿಸಿದ. ನಾಲ್ಕು ದಿನ ತಡವಾಗಿ ಬಂದವರು ಬೇರೆ ಸಭೆ ಸೇರಿಸಿ ಸಿರಿಲ್‌ನನ್ನೇ ಪದಚ್ಯುತಗೊಳಿಸಿದರು. ಎರಡು ಪಕ್ಷಗಳೂ ಒಪ್ಪುವ ಮಾತು ಸಿಕ್ಕಿದ್ದು ಎರಡು ವರ್ಷಗಳ ಪತ್ರವ್ಯವಹಾರದ ನಂತರ.

451ರ ಕ್ಯಾಲ್ಸಿಡನ್ ಸಭೆ ಬೇರೆ ಬಗೆಯದು. ಕ್ರಿಸ್ತನೊಬ್ಬನೇ, ಅವನಲ್ಲಿ ದೈವ ಮತ್ತು ಮಾನುಷ ಎಂಬ ಎರಡು ಸ್ವಭಾವಗಳು. ಅವು ಬೆರೆಯದೆ, ಬದಲಾಗದೆ, ಒಡೆಯದೆ, ಅಗಲದೆ ಇರುತ್ತವೆ ಎಂದು ಅದು ಸಾರಿತು. ಈ ನಾಲ್ಕೂ ‘ಹೀಗಲ್ಲ’ ಎನ್ನುವ ಪದಗಳೇ. ಹೇಗೆ ಎಂಬುದನ್ನು ಸಭೆ ವಿವರಿಸಲು ಹೋಗದೆ ಬೇಲಿ ಹಾಕಿ ನಿಂತಿತು. ಆದರೆ ಆ ಬೇಲಿಯ ಹೊರಗೆ ಉಳಿದವರೂ ಇದ್ದರು. ಎರಡು ಸ್ವಭಾವಗಳನ್ನು ಪ್ರತಿಪಾದಿಸಿದ ರೋಮಿನ ಬಿಷಪ್ ಲಿಯೋನ ಪತ್ರಕ್ಕೆ ಸಹಿ ಹಾಕಿರೆಂದಾಗ ಈಜಿಪ್ಟಿನ ಹದಿಮೂರು ಬಿಷಪ್ಪರು ಸಭೆಯ ನಡುವೆ ನೆಲಕ್ಕೆ ಬಿದ್ದು ಬೇಡಿಕೊಂಡರು; ಸಹಿ ಹಾಕಿ ಹಿಂತಿರುಗಿದರೆ ನಮ್ಮ ಜನ ನಮ್ಮನ್ನು ಉಳಿಸುವುದಿಲ್ಲ, ಅಲ್ಲಿ ಸಾಯುವುದಕ್ಕಿಂತ ಇಲ್ಲೇ ಸಾಯುತ್ತೇವೆ ಎಂದರು. ಸಭೆಯ ನಡಾವಳಿಯಲ್ಲಿ ಈ ಮೊರೆ ದಾಖಲಾಗಿದೆ. ಅವರ ಅಂಜಿಕೆ ಹುಸಿಯಾಗಿರಲಿಲ್ಲ: ಕ್ಯಾಲ್ಸಿಡನ್ನನ್ನು ಒಪ್ಪಿದ ಅಲೆಕ್ಸಾಂಡ್ರಿಯಾದ ಬಿಷಪ್ ಪ್ರೊಟೀರಿಯಸ್‌ನನ್ನು 457ರಲ್ಲಿ ಜನರ ಗುಂಪೊಂದು ಕೊಂದುಹಾಕಿತು. ಕಾಪ್ಟಿಕ್, ಸಿರಿಯಾಕ್, ಅರ್ಮೇನಿಯನ್ ಚರ್ಚುಗಳು ಇಂದಿಗೂ ಕ್ಯಾಲ್ಸಿಡನ್ನನ್ನು ಅಂಗೀಕರಿಸಿಲ್ಲ. ಮೊದಲ ಮೂರು ಮಹಾಸಭೆಗಳನ್ನಷ್ಟೇ ಅವು ಒಪ್ಪುತ್ತವೆ. ರಾಜಾಜ್ಞೆ ಬೆನ್ನಿಗಿದ್ದರೂ ಜನ ಒಪ್ಪದ ಕಡೆ ಸಭೆಯ ಮಾತು ನಡೆಯಲಿಲ್ಲವೆಂಬುದಕ್ಕೆ ಇದು ಇನ್ನೊಂದು ನಿದರ್ಶನ. ಈ ಬಾರಿ ಬೆಲೆ ತೆತ್ತವರು ಎರಡೂ ಕಡೆಯವರು.

ಈ ಒಡಕಿನ ಎರಡು ದಡಗಳನ್ನು ನೋಡಲು ದೂರ ಹೋಗಬೇಕಾಗಿಲ್ಲ. ಉಡುಪಿಯಿಂದ ಉತ್ತರಕ್ಕೆ ಹೋಗುವಾಗ ಸ್ವರ್ಣಾ ನದಿಯ ಈಚೆಗೆ ಕಲ್ಯಾಣಪುರದ ಮಿಲಾಗ್ರಿಸ್ ಚರ್ಚು ಸಿಗುತ್ತದೆ. ಅದು ಕ್ಯಾಲ್ಸಿಡನ್ನನ್ನು ಒಪ್ಪುವ ಕಥೋಲಿಕರದು. ನದಿ ದಾಟಿ ಕೆಲವೇ ಕಿಲೋಮೀಟರ್ ಹೋದರೆ ಬ್ರಹ್ಮಾವರದಲ್ಲಿ ಮಲಂಕರ ಆರ್ಥೊಡಾಕ್ಸ್ ಚರ್ಚಿಗೆ ಸೇರಿದ ಸಮುದಾಯವಿದೆ. ಅವರ ಚರ್ಚು ಕ್ಯಾಲ್ಸಿಡನ್ನನ್ನು ಒಪ್ಪದ ಪರಂಪರೆಯದು. ಮನೆಮಾತು ಎರಡೂ ಕಡೆ ಕೊಂಕಣಿ. ಬ್ರಹ್ಮಾವರದವರು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬೇರೆಯಾದದ್ದು ಸ್ವಭಾವ ಒಂದೋ ಎರಡೋ ಎಂಬ ವಾದದಿಂದಲ್ಲ, ಪೋರ್ಚುಗೀಸರ ಮತ್ತು ರೋಮಿನ ಆಡಳಿತಾಧಿಕಾರದ ಜಗಳದಿಂದ. ಭಾನುವಾರ ಎರಡೂ ಕಡೆ ನೈಸಿಯಾದ ವಿಶ್ವಾಸ ಪ್ರಮಾಣವೇ ಕೇಳಿಬರುತ್ತದೆ. ಪವಿತ್ರಾತ್ಮನು ತಂದೆಯಿಂದ ಹೊರಡುತ್ತಾನೆಂಬಲ್ಲಿ ಕಥೋಲಿಕರು ‘ಮಗನಿಂದಲೂ’ ಎಂದು ಸೇರಿಸುತ್ತಾರೆ, ಆರ್ಥೊಡಾಕ್ಸರು ಸೇರಿಸುವುದಿಲ್ಲ. ಆ ಪದ 381ರ ಪಾಠದಲ್ಲಿರಲಿಲ್ಲ. ಪಶ್ಚಿಮದಲ್ಲಿ ಬಳಕೆಗೆ ಬಂದು, ರೋಮಿನ ಪೂಜೆಯಲ್ಲಿ 1014ರಲ್ಲಿ ಸೇರಿತು.

ಆದ್ದರಿಂದ ‘ದೃಢಪಡಿಸಿತು’ ಎಂಬ ಪದವನ್ನು ನಾವು ಹಿಂತೆಗೆದುಕೊಳ್ಳುತ್ತಿಲ್ಲ. ಆದರೆ ನಿಮ್ಮ ಪತ್ರ ನಮ್ಮ ಒಂದು ತಪ್ಪನ್ನು ಕಾಣಿಸಿಕೊಟ್ಟಿದೆ. 318 ಬಿಷಪ್ಪರು ಎಂದು ನೀವು ಬರೆದಿರುವುದು ನಮ್ಮ ಲೇಖನವನ್ನೇ ನಂಬಿ. ಅಲ್ಲಿ ಹಾಜರಿದ್ದ ಸಿಸೇರಿಯಾದ ಯುಸೀಬಿಯಸ್ ಹೇಳುವುದು 250ಕ್ಕೂ ಹೆಚ್ಚು ಎಂದು, ಅಥನೇಷಿಯಸ್ ಹೇಳುವುದು ಸುಮಾರು 300 ಎಂದು. 318 ಎಂಬುದು ಆದಿಕಾಂಡದಲ್ಲಿ ಅಬ್ರಹಾಮನ ಜೊತೆ ಯುದ್ಧಕ್ಕೆ ಹೊರಟ ಆಳುಗಳ ಸಂಖ್ಯೆ. ಪರಂಪರೆ ಅದನ್ನು ನೈಸಿಯಾದ ಪಿತೃಗಳಿಗೆ ಅನ್ವಯಿಸಿತು. ಆ ವಾಕ್ಯವನ್ನು ‘ಇನ್ನೂರೈವತ್ತರಿಂದ ಮುನ್ನೂರರಷ್ಟು ಬಿಷಪ್ಪರು’ ಎಂದು ತಿದ್ದಿ ಓದಿಕೊಳ್ಳಬೇಕೆಂದು ಎಲ್ಲ ಓದುಗರನ್ನೂ ಕೋರುತ್ತೇವೆ.

— ಸಂಪಾದಕ