ಬೀದರಿನ ಮನೆ, ಉದಗೀರದ ಸಲಹೆ

ಬೀದರಿನ ಮನೆಯ ಬಾಡಿಗೆ ನಿಂತು ವರ್ಷವಾಯಿತು, ಮಹಾರಾಷ್ಟ್ರದ ಉದಗೀರದ ನೆಂಟರು ‘ಮೂರು ತಿಂಗಳು ಕಾಯಬೇಕು’ ಎನ್ನುತ್ತಾರೆ, ಹೈದರಾಬಾದಿನ ಗೆಳೆಯರು ಇನ್ನೊಂದು ಹೇಳುತ್ತಾರೆ, ಯಾರನ್ನು ನಂಬಲಿ, ಇಲ್ಲ ನಾನೇ ಮನೆಗೆ ಬೀಗ ಜಡಿಯಲೇ ಎಂದು ಕೇಳಿದ್ದೀರಿ. ಇಬ್ಬರ ಮಾತನ್ನೂ ಬದಿಗಿಡಿ. ಮನೆ ಯಾವ ರಾಜ್ಯದ ನೆಲದ ಮೇಲಿದೆಯೋ ಆ ರಾಜ್ಯದ ಬಾಡಿಗೆ ಕಾನೂನು ಅದಕ್ಕೆ ಅನ್ವಯಿಸುತ್ತದೆ. ನೀವು ಮೈಸೂರಿನಲ್ಲಿದ್ದರೂ, ಬಾಡಿಗೆದಾರ ತೆಲಂಗಾಣದ ಜಹೀರಾಬಾದಿಗೆ ಹೋಗಿ ಕುಳಿತರೂ, ಮನೆ ಬಿಡಿಸಿಕೊಳ್ಳುವ ದಾವೆ ನಡೆಯುವುದು ಇಲ್ಲಿ ಬೀದರಿನ ನ್ಯಾಯಾಲಯದಲ್ಲೇ.

ಈ ಗೊಂದಲ ನಿಮ್ಮೊಬ್ಬರದಲ್ಲ. 1956ರವರೆಗೆ ಉದಗೀರವೂ ಬೀದರ್ ಜಿಲ್ಲೆಯದೇ ತಾಲ್ಲೂಕು. ಗಡಿ ಗೆರೆ ಬಿದ್ದ ಮೇಲೂ ಕೊಟ್ಟು ತರುವ ಸಂಬಂಧ ನಿಂತಿಲ್ಲ; ಒಂದೇ ಮನೆತನದವರು ಮೂರು ರಾಜ್ಯಗಳಲ್ಲಿದ್ದಾರೆ. ಮದುವೆ ಚಪ್ಪರದಲ್ಲಿ ಜಗಳದ ಮಾತು ಬಂದರೆ ಪ್ರತಿಯೊಬ್ಬರೂ ತಮ್ಮೂರಿನ ಕೋರ್ಟಿನಲ್ಲಿ ಕಂಡದ್ದನ್ನೇ ಹೇಳುತ್ತಾರೆ. ಅವರು ಹೇಳುವುದು ಸುಳ್ಳಲ್ಲ, ಅದು ಅವರ ಊರಿಗೆ ನಿಜ. ಮಹಾರಾಷ್ಟ್ರದ 1999ರ ಬಾಡಿಗೆ ನಿಯಂತ್ರಣ ಕಾಯ್ದೆಯಲ್ಲಿ ಬಾಕಿ ಕೇಳಿ ನೋಟಿಸ್ ಕೊಟ್ಟು 90 ದಿನ ಕಾಯಬೇಕು. ಆಮೇಲೆ ದಾವೆ ಹೂಡಿದರೂ, ನ್ಯಾಯಾಲಯದ ಸಮನ್ಸ್ ತಲುಪಿದ 90 ದಿನಗಳೊಳಗೆ ಬಾಡಿಗೆದಾರ ಶೇಕಡಾ 15ರ ಬಡ್ಡಿ ಸೇರಿಸಿ ಬಾಕಿ ಕಟ್ಟಿದರೆ ಮನೆ ಉಳಿಸಿಕೊಳ್ಳುವ ದಾರಿಯೂ ಇದೆ. ನಿಮ್ಮ ನೆಂಟರು ಹೇಳಿದ ‘ಮೂರು ತಿಂಗಳು’ ಅಲ್ಲಿಯದು.

ನಮ್ಮಲ್ಲಿರುವುದು 1999ರ ಕರ್ನಾಟಕ ಬಾಡಿಗೆ ಕಾಯ್ದೆ. ನೋಟಿಸ್ ತಲುಪಿ ಎರಡು ತಿಂಗಳಾದರೂ ಪೂರ್ತಿ ಬಾಕಿ ಕೊಡದಿದ್ದರೆ ತೆರವು ಕೇಳಬಹುದು ಎನ್ನುತ್ತದೆ ಅದು. ಆದರೆ ತಿಂಗಳ ಬಾಡಿಗೆ ಊರಿಗೆ ತಕ್ಕಂತೆ 2000 ಅಥವಾ 3500 ರೂಪಾಯಿ ಮೀರಿದ್ದರೆ ಆ ಕಾಯ್ದೆ ಅನ್ವಯಿಸುವುದೇ ಇಲ್ಲ. ಇಂದು ಆ ಮೊತ್ತಕ್ಕೆ ಇಲ್ಲಿ ಒಳ್ಳೆಯ ಮನೆ ಎಲ್ಲಿ ಸಿಗುತ್ತದೆ? ಹಾಗಾಗಿ ನಿಮ್ಮದು ಬಹುತೇಕ 1882ರ ಸ್ವತ್ತು ವರ್ಗಾವಣೆ ಕಾಯ್ದೆಗೆ ಸೇರುತ್ತದೆ. ಕರಾರಿನ ಅವಧಿ ಮುಗಿದು ತಿಂಗಳಿಂದ ತಿಂಗಳಿಗೆ ಬಾಡಿಗೆ ನಡೆಯುತ್ತಿದ್ದರೆ 106ನೇ ಕಲಮಿನ ಪ್ರಕಾರ 15 ದಿನಗಳ ನೋಟಿಸ್ ಸಾಕು, ಕಾರಣವನ್ನೂ ಹೇಳಬೇಕಾಗಿಲ್ಲ. ಅವಧಿ ಇನ್ನೂ ಉಳಿದಿದ್ದು, ಬಾಡಿಗೆ ಕೊಡದಿದ್ದರೆ ಕರಾರು ರದ್ದು ಎಂಬ ಷರತ್ತಿನ ಮೇಲೆ ನೀವು ಹೋದರೆ ಮಾತು ಬೇರೆ. ಆಗ ಬಾಡಿಗೆದಾರ ವಿಚಾರಣೆಯ ಹೊತ್ತಿಗೆ ಬಾಕಿ, ಬಡ್ಡಿ, ಖರ್ಚು ಎಲ್ಲವನ್ನೂ ಮುಂದಿಟ್ಟರೆ 114ನೇ ಕಲಮಿನಡಿ ನ್ಯಾಯಾಧೀಶರು ಅವನನ್ನು ಅಲ್ಲೇ ಉಳಿಸಬಹುದು.

ಬೀಗದ ಬಗ್ಗೆ ಕೈಮುಗಿದು ಹೇಳುತ್ತೇನೆ, ಆ ಕೆಲಸ ಮಾಡಬೇಡಿ. ನಮ್ಮ ಓಣಿಯ ಒಬ್ಬ ವಿಧವೆ ತಾಯಿಗೆ ಅಂಗಡಿಯ ಬಾಡಿಗೆಯೇ ಜೀವನ. ಬಾಕಿ ಬೆಳೆದು ಬೇಸತ್ತು ಒಂದು ರಾತ್ರಿ ಹಳೆಯ ಬೀಗದ ಮೇಲೆ ತಮ್ಮ ಬೀಗ ಜಡಿದರು. ಬೆಳಿಗ್ಗೆ ಬಾಡಿಗೆದಾರ ವಕೀಲರ ಹತ್ತಿರ ಓಡಿದ. ಹಣ ಬರಬೇಕಿದ್ದದ್ದು ಅವರಿಗೆ, ಆದರೆ ಕಟಕಟೆಯಲ್ಲಿ ಉತ್ತರ ಕೊಡುವ ಸ್ಥಿತಿಯೂ ಅವರಿಗೇ ಬಂತು. ಒಪ್ಪಿಗೆಯಿಲ್ಲದೆ, ಕಾನೂನು ಬಿಟ್ಟು ಹೊರಹಾಕಿದರೆ ಆರು ತಿಂಗಳೊಳಗೆ ದಾವೆ ಹೂಡಿ ಮತ್ತೆ ಒಳಬರುವ ಹಕ್ಕು ಬಾಡಿಗೆದಾರನಿಗಿದೆ. ಬಾಕಿ ವಸೂಲಿಗೆಂದು ನೀವು ಪೊಲೀಸ್ ಠಾಣೆಗೆ ಹೋದರೆ ‘ಇದು ಸಿವಿಲ್ ವಿಷಯ’ ಎಂದು ಕಳಿಸುತ್ತಾರೆ, ಅದು ಸರಿಯೂ ಹೌದು.

ಆ ತಾಯಿಯನ್ನು ಕೊನೆಗೆ ಕಾಪಾಡಿದ್ದು ಒಂದು ಸಣ್ಣ ನೋಟ್‌ಬುಕ್. ಪ್ರತಿ ತಿಂಗಳು ತಾರೀಖು, ಮೊತ್ತ, ಪಕ್ಕದಲ್ಲಿ ಬಾಡಿಗೆದಾರನ ಸಹಿ. ಕೆಲವು ಪುಟಗಳಲ್ಲಿ ಕನ್ನಡ, ಕೆಲವು ಪುಟಗಳಲ್ಲಿ ಉರ್ದು. ಸಹಿ ಎಲ್ಲಿ ನಿಂತಿದೆಯೋ ಬಾಕಿ ಅಲ್ಲಿಂದ ಶುರು ಎಂದು ಯಾರೂ ಬಿಡಿಸಿ ಹೇಳಬೇಕಾಗಲಿಲ್ಲ. ನಿಮ್ಮ ಬಳಿ ಅಂಥದ್ದಿಲ್ಲದಿದ್ದರೆ ಬ್ಯಾಂಕ್ ಪಾಸ್‌ಬುಕ್ಕಿನ ನಮೂದು, ಮೊಬೈಲಿನಿಂದ ಬಂದ ಹಣದ ದಾಖಲೆ, ‘ಮುಂದಿನ ವಾರ ಕೊಡುತ್ತೇನೆ’ ಎಂಬ ಸಂದೇಶ, ಎಲ್ಲವನ್ನೂ ತೆಗೆದಿಡಿ. ಬಾಡಿಗೆದಾರರಿಗೂ ಇದೇ ಮಾತು: ಕೈಯಲ್ಲಿ ಕೊಟ್ಟ ಹಣಕ್ಕೆ ರಸೀದಿ ಕೇಳುವುದು ಅವಮಾನವಲ್ಲ. ನಮ್ಮ ಕಡೆ ಮುಲಾಜಿಗೆ ಬಿದ್ದು ರಸೀದಿ ಕೇಳದೆ, ಕೊಟ್ಟ ಬಾಡಿಗೆಯನ್ನೇ ಮತ್ತೆ ಕೊಡಬೇಕಾದ ಬಡವರು ಇದ್ದಾರೆ; ಅದನ್ನು ನೋಡಿದಾಗ ಹೊಟ್ಟೆ ಉರಿಯುತ್ತದೆ.

ಇನ್ನೊಂದು ಮುಖ್ಯ ವಿಷಯ ಕಾಲಮಿತಿ. ಪ್ರತಿ ತಿಂಗಳ ಬಾಡಿಗೆಯೂ ಕೊಡಬೇಕಾದ ದಿನದಿಂದ ಮೂರು ವರ್ಷಗಳೊಳಗೆ ದಾವೆ ಆಗಬೇಕು. ನೆಂಟರ ಮುಖ ನೋಡಿ ಸುಮ್ಮನಿದ್ದಷ್ಟೂ ಹಳೆಯ ತಿಂಗಳುಗಳು ಒಂದೊಂದಾಗಿ ಕೈಬಿಡುತ್ತವೆ. ನೋಟಿಸನ್ನು ನೋಂದಣಿ ಮಾಡಿಸಿದ ಸ್ಪೀಡ್ ಪೋಸ್ಟಿನಲ್ಲಿ, ತಲುಪಿದ ದಾಖಲೆ ಸಿಗುವಂತೆ ಕಳಿಸಿ. ‘ತೆಗೆದುಕೊಳ್ಳಲು ನಿರಾಕರಿಸಿದರು’ ಎಂಬ ಷರಾ ಬರೆದು ಲಕೋಟೆ ಮರಳಿದರೆ ಅದನ್ನು ಒಡೆಯದೆ ಹಾಗೆಯೇ ವಕೀಲರಿಗೆ ಕೊಡಿ. ಸರಿಯಾದ ವಿಳಾಸಕ್ಕೆ ಹೋಗಿ ಹಾಗೆ ಮರಳಿದ ನೋಟಿಸನ್ನು ತಲುಪಿದಂತೆಯೇ ನ್ಯಾಯಾಲಯಗಳು ಎಣಿಸುತ್ತವೆ.

ದೂರದಿಂದ ತಾರೀಖಿಗೆ ಅಲೆಯುವುದು ಕಷ್ಟವಾದರೆ ರಾಜಿಯಿಂದ ವ್ಯಾಜ್ಯ ಮುಗಿಸುವ ಲೋಕ ಅದಾಲತ್ ಕೇಳಿ. ಅಲ್ಲಿ ಆದ ರಾಜಿಗೆ ಡಿಕ್ರಿಯ, ಅಂದರೆ ನ್ಯಾಯಾಲಯದ ತೀರ್ಪಿನ ಬಲವಿದೆ, ಅದರ ಮೇಲೆ ಅಪೀಲು ಇಲ್ಲ, ಕಟ್ಟಿದ ನ್ಯಾಯಾಲಯ ಶುಲ್ಕವೂ ಮರಳುತ್ತದೆ. ಬಾಕಿಯಲ್ಲಿ ಸ್ವಲ್ಪ ಬಿಟ್ಟುಕೊಟ್ಟರೂ ಮನೆ ಯಾವ ತಾರೀಖಿಗೆ ಖಾಲಿಯಾಗಬೇಕು ಎಂಬುದನ್ನು ಮಾತ್ರ ಬರೆಸಿಕೊಳ್ಳದೆ ಸಹಿ ಹಾಕಬೇಡಿ.